ಬೂದಿಮಲ್ಲಿಗೆಯ ಬುಡದಲ್ಲಿ ಹೊಳೆಚಿಪ್ಪು

ಮಣ್ಣು ಕೆದಕುತ್ತಿದ್ದ ಕುರ್ಪಿಯ ತುದಿಗೆ ಏನೋ ಗಟ್ಟಿಯಾದದ್ದು ತಾಗಿತು. ಕಲ್ಲಿನ ಸದ್ದಲ್ಲ.

ನಾನು ಕುರ್ಪಿ ಪಕ್ಕಕ್ಕಿಟ್ಟು ಬೆರಳಿನಿಂದಲೇ ಮಣ್ಣು ಬಿಡಿಸತೊಡಗಿದೆ. ಬೇರಿಗೆ ಉಗುರು ತಾಗಬಾರದು. ನೆಲ ಬದಲಾದ ಬೂದಿಮಲ್ಲಿಗೆ ಮೂರು ದಿನ ಮೊಗ್ಗು ಮುಚ್ಚಿಕೊಂಡಿದ್ದು, ನಾಲ್ಕನೆಯ ದಿನ ಮಧ್ಯಾಹ್ನ ಮೂರಕ್ಕೆ ಅರಳುತ್ತದೆ. ಇಂದು ಭಾನುವಾರ, ನಾಲ್ಕನೆಯ ದಿನ. ಕೈಗಡಿಯಾರದಲ್ಲಿ ಎರಡೂ ಕಾಲು. ಈಗ ಬೇರು ನೊಂದರೆ ಹೂವು ಅರಳದು. ಹೂವು ಅರಳದಿದ್ದರೆ ಈ ಮನೆಯ ಸೊಸೆ ಸುವರ್ಣಾಳನ್ನು ಇಲ್ಲಿ ಉಳಿಸಲು ಕಂಪು ಓದುವ ನನ್ನ ಬಳಿ ಬೇರೆ ದಾರಿ ಇರಲಿಲ್ಲ.

ಗುರುವಾರ ಮಧ್ಯಾಹ್ನ ತಾಂಬಾದ ಈ ಅಂಗಳದಿಂದ ಕಸ್ತೂರೆವ್ವನ ಅರವತ್ತು ವರ್ಷದ ಬೂದಿಮಲ್ಲಿಗೆಯನ್ನು ಯಾರೋ ಬೇರುಸಮೇತ ಒಯ್ದು, ಅದೇ ಕಟ್ಟೆಯಲ್ಲಿ ಬೇರೊಂದನ್ನು ನೆಟ್ಟು ಹೋಗಿದ್ದರು.

ಆ ದಿನ ಮನೆಮಂದಿಯೆಲ್ಲ ಸಿಂದಗಿಗೆ ಬಸುರಿಯೊಬ್ಬಳ ಕುಬಸಕ್ಕೆ ಹೋಗಿದ್ದರು. ಉಳಿದವರು ಇಬ್ಬರೇ: ಕಣ್ಣಿಗೆ ಪೊರೆ ಬಂದ ಕಸ್ತೂರೆವ್ವ, ಅವಳ ಸೊಸೆ ಸುವರ್ಣಾ. ಸೊಸೆ ತಾನು ಒಂದು ತಾಸು ಜೋಳ ಬೀಸಿಸಲು ಗಿರಣಿಗೆ ಹೋಗಿದ್ದೆ ಎನ್ನುತ್ತಾಳೆ. ಆದರೆ ಗಿಡ ಕಳೆದರೆ ದಿನವೂ ನೀರು ಹಾಕುವವಳೇ ಅದಕ್ಕೆ ಹೊಣೆ. ಇದು ನಮ್ಮ ನಾಲ್ಕೂ ತಾಲ್ಲೂಕಿನ ಕಟ್ಟಳೆ. ಸಂಜೆ ನಾಲ್ಕರೊಳಗೆ ಕಳ್ಳರು ಯಾರೆಂದು ತಿಳಿಯದಿದ್ದರೆ ಸುವರ್ಣಾ ತವರಿಗೆ ನಡೆಯಬೇಕು. ಹೊರಗೆ ಟೆಂಪೋ ನಿಂತಿತ್ತು. ಅವಳ ಟ್ರಂಕು ಆಗಲೇ ಅದರಲ್ಲಿತ್ತು. ಮುದ್ದೇಬಿಹಾಳ ಕಡೆಯ ನಾಲತವಾಡದಿಂದ ಬಂದಿದ್ದ ಅವಳ ತಮ್ಮ ಯುವರಾಜ ಯಾರ ಮುಖವನ್ನೂ ನೋಡದೆ ಟ್ರಂಕಿನ ಮೇಲೆ ಕೂತಿದ್ದ.

ಮಣ್ಣಿನಿಂದ ಮೇಲೆ ಬಂದದ್ದು ಅಂಗೈಯಗಲದ ಒಂದು ಚಿಪ್ಪು. ಬಾಯಿ ಮೇಲೆ ಮಾಡಿ ಇಟ್ಟಿದ್ದರು. ಅದಕ್ಕೊಂದು ದಾರ ಸುತ್ತಿತ್ತು, ಕೆಸರು ಮೆತ್ತಿ ದಪ್ಪಗಾಗಿತ್ತು.

ಕಟ್ಟೆಯ ತುದಿಯಲ್ಲಿ ಕೂತಿದ್ದ ಸುವರ್ಣಾಳ ಗಂಡ ಶ್ರೀಶೈಲ ಬಗ್ಗಿ ನೋಡಿದ. ನಿಂಬೆ ತೋಟದ ಮುಳ್ಳು ಗೀರಿದ ಕೈಗಳು ಅವನವು. ಮೂರು ದಿನದಿಂದ ಗಡ್ಡ ಮಾಡಿಕೊಂಡಿರಲಿಲ್ಲ.

"ಹೊಳಿಚಿಪ್ಪು," ಎಂದ. "ಮುದ್ದೇಬಿಹಾಳ ಕಡಿ ಮಂದಿ ಇಡೋದಲ್ರಿ ಇದು? ಇನ್ನೇನ ಬೇಕ ಅಕ್ಕಾರ ನಿಮಗ?"

ತಾಂಬಾ ಕಡೆ ಗಿಡ ನೆಡುವಾಗ ಮೂರು ಚಿಟಿಕೆ ಬೂದಿ, ಒಂದು ತುಂಡು ರೊಟ್ಟಿ ಹಾಕುತ್ತಾರೆ, ಅಷ್ಟೆ. ಚಿಪ್ಪು ಇಡುವುದು ಕೃಷ್ಣೆಯ ದಂಡೆಯವರು. ಹೊಳೆ ಏರಿದರೂ ಬುಡದ ಬೂದಿ ಕೊಚ್ಚಿ ಹೋಗದಿರಲಿ ಎಂದು. ಮಗಳ ಮದುವೆಗೆ ತಾಯಿ ತನ್ನ ಗಿಡದ ಒಂದು ಕಡ್ಡಿ ಮುರಿದು ಕೊಡುವಾಗ ಅದರೊಂದಿಗೆ ಒಂದು ಅರಿಶಿನದ ದಾರವನ್ನೂ ಕೊಡುತ್ತಾಳೆ. ಮೊದಲ ಮಗಳಿಗೆ ಒಂದು ಗಂಟು, ಎರಡನೆಯವಳಿಗೆ ಎರಡು. ಗಿಡ ಎಲ್ಲಿಗೆ ಹೋದರೂ ಚಿಪ್ಪು, ದಾರ ಅದರ ಜೊತೆಗೇ ಹೋಗಬೇಕು.

ಕದಿಯಲು ಬಂದವರು ಗಡಿಬಿಡಿಯಲ್ಲಿ ಏನೋ ನೆಟ್ಟು ಓಡುತ್ತಾರೆ. ಇವರು ಕದಿಯುವಾಗಲೂ ಪದ್ಧತಿ ಬಿಟ್ಟಿರಲಿಲ್ಲ.

ಸುವರ್ಣಾಳನ್ನು ಬಿಡಿಸಲು ಅಗೆದ ಗುಂಡಿಯಲ್ಲಿ ಅವಳ ಮೇಲೇ ಬೀಳುವ ಸಾಕ್ಷಿ ಸಿಕ್ಕಿತ್ತು. ಅದನ್ನು ನಾನೇ ತೆಗೆದಿದ್ದೆ. ಒಂದು ತಂಬಿಗೆಯಲ್ಲಿ ನೀರು ಕೇಳಿ, ಚಿಪ್ಪನ್ನೂ ದಾರವನ್ನೂ ನೆನೆಯಲು ಹಾಕಿ ಒಳಗೆ ಹೋದೆ.

ಅಡುಗೆಮನೆಯಲ್ಲಿ ಸುವರ್ಣಾ ರೊಟ್ಟಿ ಬಡಿಯುತ್ತಿದ್ದಳು. ಗೋಡೆಗೆ ಒರಗಿಸಿಟ್ಟ ಬುಟ್ಟಿಯಲ್ಲಿ ಆಗಲೇ ಐವತ್ತು ಅರವತ್ತು ರೊಟ್ಟಿ ಒಣಗಿ ಕಟಕಾಗಿದ್ದವು. ಅತ್ತೆಗೆ ತಿಂಗಳೊಪ್ಪತ್ತು ಆಗಲಿ ಎಂದು ಮಾಡುತ್ತಿರುವುದಾಗಿ ಹೇಳಿದಳು. ಗ್ಯಾಸಿನ ಒಲೆ ಸುಯ್ ಎನ್ನುತ್ತಿತ್ತು. ಮೂಲೆಯ ಹಳೆಯ ಮಣ್ಣಿನ ಒಲೆಯ ಮೇಲೆ ಈಗ ಮಿಕ್ಸರು ಕೂತಿತ್ತು.

ಆ ಒಲೆಯನ್ನು ನೋಡಿ ನನಗೆ ನಿನ್ನೆ ಸಿಂದಗಿಯ ಸಸಿ ಅಂಗಡಿಯ ಪರಶು ಹೇಳಿದ್ದು ನೆನಪಾಯಿತು. ಬೂದಿಮಲ್ಲಿಗೆ ತನ್ನ ಮೊದಲ ವರ್ಷ ಯಾವ ಒಲೆಯ ಬೂದಿ ಉಣ್ಣುತ್ತದೋ ಆ ಮನೆಯ ಕಂಪನ್ನೇ ಸಾಯುವತನಕ ಬಿಡುತ್ತದೆ. ಅದರಿಂದ ಮುರಿದ ಕಡ್ಡಿಯೂ ಅಷ್ಟೇ. ಈಗಿನ ಮನೆಗಳಲ್ಲಿ ಬೂದಿ ಎಲ್ಲಿದೆ? ಜನ ಚಂದಕ್ಕೆಂದು ಬೀಜ ಒಯ್ಯುತ್ತಾರಂತೆ. ಗಿಡ ಬೆಳೆಯುತ್ತದೆ, ಮೂರಕ್ಕೆ ಸರಿಯಾಗಿ ಅರಳುತ್ತದೆ, ಅದರಿಂದ ಏನೂ ಬರುವುದಿಲ್ಲ. ಖಾಲಿ ಹೂವು. ಬಸವನ ಬಾಗೇವಾಡಿಯ ಬಸ್ ಸ್ಟ್ಯಾಂಡಿನ ಹಳೇ ಗಿಡ ಇನ್ನೂ ಐವತ್ತು ವರ್ಷದ ಹಿಂದಿನ ಚಹಾದಂಗಡಿಯ ಕಂಪು ಬಿಡುತ್ತದೆ ಎಂದು ಅಲ್ಲಿ ಮೂರರ ಹೊತ್ತಿಗೆ ಮುದುಕರು ಬಸ್ಸಿಲ್ಲದಿದ್ದರೂ ಬಂದು ಕೂಡುತ್ತಾರೆ. ಹಾಗಿರುವಾಗ ಹಳೇ ಗಿಡ ಕಳೆದುಕೊಂಡವರಿಗೆ ನಾನು ಏನು ಕೊಡಲಿ ಎಂದು ಕೇಳಿದ್ದ ಪರಶು. ಗುರುವಾರ ಅವನು ಬಾಗೇವಾಡಿಯಲ್ಲೇ ಒಂದು ಮದುವೆಯಲ್ಲಿದ್ದ. ನೂರು ಜನ ನೋಡಿದ್ದಾರೆ. ನನ್ನ ಪುಸ್ತಕದ ಅನುಮಾನದ ಪಟ್ಟಿಯಿಂದ ಅವನ ಹೆಸರನ್ನು ಆಗಲೇ ಹೊಡೆದು ಹಾಕಿದ್ದೆ.

"ನಿಮ್ಮ ತವರಾಗ ಗಿಡದ ಬುಡಕ್ಕ ಚಿಪ್ಪ ಇಡ್ತಾರೇನವಾ?" ಎಂದು ಕೇಳಿದೆ.

ಸುವರ್ಣಾ ರೊಟ್ಟಿ ತಿರುವಿ ಹಾಕಿದಳು. "ನಾಲತವಾಡ ಹೊಳಿದಂಡ್ಯಾಗ ಎಲ್ಲೈತ್ರಿ? ಈ ಮನಿಯವರಿಗೆ ಮುದ್ದೇಬಿಹಾಳ ದಾಟಿದ ಕೂಡ್ಲೆ ಎಲ್ಲಾ ಹೊಳಿನ."

"ನನಗ ಖರೇ ಬೇಕು. ನಿನಗ ಹಳೇ ಗಿಡದ ಮ್ಯಾಲ ಸಿಟ್ಟಿತ್ತಂತ ಎಲ್ಲಾರೂ ಹೇಳ್ತಾರ."

ಅವಳು ಒಲೆ ಆರಿಸಿದಳು. ಆಮೇಲೆ ನಿಧಾನಕ್ಕೆ ಹೇಳಿದಳು. ಎಂಟು ವರ್ಷದ ಹಿಂದೆ ಮದುವೆಯಾಗಿ ಬರುವಾಗ ತಾನೂ ತವರಿನ ಕಡ್ಡಿಯನ್ನು ಒದ್ದೆ ಗೋಣಿತಟ್ಟಿನಲ್ಲಿ ಸುತ್ತಿ ತಂದಿದ್ದಳಂತೆ. ಒಂದು ಅಂಗಳಕ್ಕೆ ಒಂದೇ ಕಂಪು ಸಾಕು ಎಂದರು ಹಿರಿಯರು. ನಾಳೆ ನೋಡೋಣ ಎಂದ ಗಂಡ. ಕಡ್ಡಿ ಗೋಣಿತಟ್ಟಿನಲ್ಲೇ ಒಣಗಿತು. ದೇವರ ಕೋಣೆಯ ಮಾಡದಲ್ಲಿ ಇನ್ನೂ ಇದೆ ಎಂದು ಕೈ ತೋರಿಸಿದಳು. ನಾನು ನೋಡಿ ಬಂದೆ. ಬೆರಳುದ್ದದ ಒಣ ಕಡ್ಡಿ, ಅದಕ್ಕೆ ಅರಿಶಿನ ಕುಂಕುಮ ಹಚ್ಚಿತ್ತು.

"ಒಂದ ಸಲ ಅತ್ತಿ ಗಿಡ ಕೀಳಾಕ ಕೈ ಹಚ್ಚೇನ್ರಿ," ಎಂದಳು. "ಹೋದ ವರ್ಷ, ಪಂಚಮಿ ಮರುದಿನ. ತವರಿಗೆ ಹೋಗಿ ಬಂದಿದ್ದೆ. ಮನಸ ಸರಿ ಇರಲಿಲ್ಲ."

"ಮತ್ತ?"

"ಮೂರಾಗಿತ್ತು. ಅರಳ್ತು. ಮಾವನ ಕಂಬಳಿ ವಾಸನಿ ಬಂತು. ನಾ ಅವರನ್ನ ನೋಡೇ ಇಲ್ರಿ, ನನ್ನ ಮದುವಿಗಿಂತ ಮೊದಲ ತೀರ್ಯಾರ. ಆದ್ರೂ ಯಾರೋ ಹಿಂದ ನಿಂತು, ಇರವಾ, ಅಂದಂಗಾತು. ಕೈ ಬಿಟ್ಟೆ." ಹಿಟ್ಟಿನ ಕೈಯನ್ನು ಸೆರಗಿಗೆ ಒರೆಸಿಕೊಂಡು, "ಬರಕೊಳ್ಳೂದಿದ್ರ ಇದನ್ನೂ ಬರಕೋರಿ," ಎಂದಳು.

ಬರೆದುಕೊಂಡೆ. ಅವಳ ಮಾತು ನಿಜವೆಂದು ನನ್ನ ಮನಸ್ಸು ಹೇಳುತ್ತಿತ್ತು. ಆದರೆ ನನ್ನ ಮನಸ್ಸಿನ ಮಾತಿಗೆ ಪಂಚರ ಮುಂದೆ ಬೆಲೆ ಇಲ್ಲ. ಮೂಗಿನ ಮಾತಿಗೆ ಮಾತ್ರ ಇದೆ.

ಹೊರಗೆ ಬರುವಾಗ ಪಂಚರ ಹಿರಿಯ ಸೋಮನಿಂಗಪ್ಪ ಆಗಲೇ ಬಂದು ಕಟ್ಟೆಯ ಎದುರು ಕಂಬಳಿ ಹಾಸಿಕೊಂಡು ಕೂತಿದ್ದರು. ಜೊತೆಗೆ ಇನ್ನಿಬ್ಬರು. ಇಂಡಿಯಿಂದ ಕಂಪು ಓದುವವರು ಬರುತ್ತಾರೆ ಎಂದಾಗ ತಾನು ಮೀಸೆಯ ಗಂಡಸನ್ನು ಕಾಯುತ್ತಿದ್ದೆ, ಬಂದದ್ದು ಬಳೆ ತೊಟ್ಟು ಮೂಗು ಮಾತ್ರ ಬರಿದು ಬಿಟ್ಟ ಹೆಣ್ಣುಮಗಳು ಎಂದು ಶುಕ್ರವಾರವೇ ನಗೆಯಾಡಿದ್ದರು. ಕಂಪು ಓದುವವರಾರೂ ಮೂಗು ಚುಚ್ಚಿಸಿಕೊಳ್ಳುವುದಿಲ್ಲ, ಲೋಹ ತಾಗಿದರೆ ಕಂಪು ಕೆಡುತ್ತದೆ ಎಂದು ನಾನು ಹೇಳಬೇಕಾಗಿತ್ತು. ನಾಚಿಕೆಯಾಗಿ ಹೇಳಿರಲಿಲ್ಲ.

ಶ್ರೀಶೈಲ ತಾಯಿಯ ಹಗ್ಗದ ಹೊರಸನ್ನು ಎತ್ತಿ ತಂದು ಗಿಡದ ಪಕ್ಕ ಇಟ್ಟು ಅವಳನ್ನು ಕೂರಿಸಿದ. ಗಂಡ ಮಡಿವಾಳಪ್ಪ ತೀರಿದ ಹನ್ನೊಂದು ವರ್ಷಗಳಿಂದ ಕಸ್ತೂರೆವ್ವ ಮಧ್ಯಾಹ್ನದ ಊಟ ಮಾಡುವುದು ಇಲ್ಲಿಯೇ, ಮೂರಕ್ಕೆ. ಹೂವು ಅರಳಬೇಕು, ತೊಗರಿ ಕಟ್ಟಿಗೆಯ ಹೊಗೆ, ಕಾದ ಹಂಚಿನ ರೊಟ್ಟಿ, ಮಳೆಯಲ್ಲಿ ನೆಂದು ಬಂದ ಕಂಬಳಿ ಒಂದರ ಹಿಂದೊಂದು ಬರಬೇಕು, ಆಗ ಅವಳು ತುತ್ತು ಎತ್ತಬೇಕು. ಬೀದಿಯವರು ಆ ಹೊತ್ತಿಗೆ ಈ ಮನೆಯ ಮುಂದೆ ಗಾಡಿಯ ಹಾರ್ನು ಸಹ ಹಾಕುತ್ತಿರಲಿಲ್ಲ. ಗುರುವಾರ ಮೊಗ್ಗು ಅರಳದಿದ್ದಾಗ ಕಾಂಡವನ್ನು ತಡವಿ ನೋಡಿ, ಇದು ತನ್ನದಲ್ಲ ಎಂದು ಮೊದಲು ಹೇಳಿದವಳು ಅವಳೇ. ಆಮೇಲಿಂದ ಅವಳು ಸರಿಯಾಗಿ ಉಂಡಿಲ್ಲ.

ಇಲ್ಲಿ ನಾನು ಮಾಡಿದ ಒಂದು ತಪ್ಪನ್ನು ಹೇಳಲೇಬೇಕು. ಶುಕ್ರವಾರ ನಾನು ಮೊದಲು ಬಂದು ಕಾಲಿಗೆ ಎರಗಿದಾಗ ಕಸ್ತೂರೆವ್ವ ನನ್ನ ಮುಖ ತಡವಿ, "ಮತ್ತ ಬಂದೇನವ್ವಾ?" ಎಂದಿದ್ದಳು. ಹೊರಗಿನವರು ಯಾರಾದರೂ ಬಂದಿದ್ದರೇ ಎಂದು ಕೇಳಿದರೆ, ನೀನೇ ಬಂದಿದ್ದೆಯಲ್ಲ ಎಂದಳು. ನಾನು ಅದನ್ನು ಬರೆದುಕೊಂಡು, ಪಕ್ಕದಲ್ಲಿ 'ದಿನದ ಎಣಿಕೆ ತಪ್ಪಿದೆ' ಎಂದು ಬರೆದು, ಅವಳ ಮಾತನ್ನು ಸಾಕ್ಷಿಗಳ ಪಟ್ಟಿಯಿಂದ ಹೊಡೆದು ಹಾಕಿದ್ದೆ.

ಮೂರು.

ಮೊದಲು ಅರಳಿದ್ದು ತೀರ ಕೆಳಗಿನ ಮೊಗ್ಗು. ಬೂದಿ ಬಣ್ಣದ ಎಸಳುಗಳು ಮಡಿಕೆ ಬಿಚ್ಚಿಕೊಂಡವು. ಅದರ ಹಿಂದೆ ಏಳೆಂಟು ಒಮ್ಮೆಗೇ. ಯುವರಾಜ ಟೆಂಪೋದಿಂದ ಇಳಿದು ಬಂದ. ಸುವರ್ಣಾ ಬಾಗಿಲ ಚೌಕಟ್ಟು ಹಿಡಿದು ನಿಂತಳು. ನಾನು ಕಣ್ಣು ಮುಚ್ಚಿದೆ.

ಕಾದ ಮರಳು.

ಮೊದಲು ಬಂದದ್ದು ಅದು. ಆಮೇಲೆ ಅದರೊಳಗಿಂದ ಅಕ್ಕಿ ಅರಳಿ ಆಗುವ ಚುರುಮುರಿ. ಆಮೇಲೆ ಒದ್ದೆ ಗೋಣಿಚೀಲ. ನಾನು ಕಟ್ಟೆ ಹಿಡಿದುಕೊಂಡೆ. ಇನ್ನೊಂದು ಬರದಿರಲಿ, ಬೇರೆ ಯಾವುದಾದರೂ ಚುರುಮುರಿ ಭಟ್ಟಿ ಆಗಿರಲಿ ಎಂದು ಬೇಡಿಕೊಂಡೆ. ಅದೂ ಬಂತು. ಸ್ವಲ್ಪ ಸೀದ ಬೆಲ್ಲ, ಅದರಲ್ಲಿ ಅಜಿವಾನ, ಅದೇ ಓಮ.

ನನಗೆ ಚಿಕ್ಕಂದಿನಲ್ಲಿ ಚಳಿಗಾಲ ಪೂರ್ತಿ ಕೆಮ್ಮು. ಅವ್ವ ಭಟ್ಟಿಯ ಮಗ್ಗುಲಿಗೆ ಒಂದು ಸಣ್ಣ ಬಟ್ಟಲಲ್ಲಿ ಬೆಲ್ಲ, ಅಜಿವಾನ ಇಟ್ಟು, ಚುರುಮುರಿ ಹುರಿಯುವ ಭರದಲ್ಲಿ ಮರೆಯುತ್ತಿದ್ದಳು. ಪ್ರತಿ ಸಲ ಸೀಯುತ್ತಿತ್ತು. ಸೀದದ್ದರಲ್ಲೇ ಔಷಧಿ ಇರುವುದು ಎಂದು ನನ್ನ ಬಾಯಿಗಿಡುತ್ತಿದ್ದಳು. ನಮ್ಮ ಊರು ತಂಗಡಗಿಯ ಆಚೆ, ಹೊಳೆಯ ದಂಡೆಗೆ. ನನಗೆ ಒಂಬತ್ತು ತುಂಬಿದಾಗ ಅಣೆಕಟ್ಟಿನ ಹಿನ್ನೀರು ಬಂದು ಮನೆ, ಭಟ್ಟಿ, ಅಂಗಳದ ಬೂದಿಮಲ್ಲಿಗೆ ಎಲ್ಲವನ್ನೂ ಮುಚ್ಚಿತು. ಕಡೆಯ ಬಂಡಿಯಲ್ಲಿ ಅವ್ವ ಬರಿಗೈಯಲ್ಲಿ ಕೂತಿದ್ದಳು. ಗಿಡದ ಕಡ್ಡಿ ತರಲಿಲ್ಲವೇ ಎಂದು ಕೇಳಿದ್ದಕ್ಕೆ ನನ್ನ ತಲೆಯನ್ನು ಸೆರಗಿನೊಳಗೆ ಎಳೆದುಕೊಂಡಳು. ಅವಳು ತೀರಿ ಹದಿನಾಲ್ಕು ವರ್ಷ. ಈ ಕೆಲಸ ಕಲಿತ ಮೇಲೆ ನಾನು ಸಾವಿರಾರು ಮನೆಗಳ ಕಂಪು ಓದಿದ್ದೇನೆ. ಈ ಒಂದನ್ನು ಮತ್ತೆ ಓದುತ್ತೇನೆಂದು ಎಣಿಸಿರಲಿಲ್ಲ.

ಯುವರಾಜ ಈ ಕಂಪು ತಮ್ಮ ಮನೆಯದಲ್ಲ ಎಂದ. ಅವನು ಇನ್ನೇನು ಹೇಳುತ್ತಾನೆ ಎಂದ ಶ್ರೀಶೈಲ.

"ನಿಮ್ಮ ಜಗಳ ಸಾಕು," ಎಂದರು ಸೋಮನಿಂಗಪ್ಪ. "ಹೇಳ್ರಿ ಅಕ್ಕಾರ. ಕಟಗಿ, ಒಲಿ, ಮನಿ."

ಕಂಪು ಓದುವವರು ಈ ಕ್ರಮದಲ್ಲೇ ಹೇಳಬೇಕು. ಮೊದಲು ಯಾವ ಕಟ್ಟಿಗೆಯ ಬೂದಿ, ಆಮೇಲೆ ಯಾವ ಬಗೆಯ ಒಲೆ, ಕಡೆಗೆ ಯಾರ ಮನೆ. ಮನೆ ಹೇಳಲಾಗದಿದ್ದರೆ ಓದು ಅರ್ಧ. ಅರ್ಧ ಓದಿನಿಂದ ಯಾರ ಹೊಣೆಯೂ ಇಳಿಯುವುದಿಲ್ಲ.

"ಕಟಗಿ ಜಾಲಿ. ಹೊಳ್ಯಾಗ ತೇಲಿ ಬಂದ ಕೊರಡೂ ಐತಿ," ಎಂದೆ. "ಒಲಿ, ಚುರುಮುರಿ ಭಟ್ಟಿ."

"ಮನಿ?"

ನಾನು ತಂಬಿಗೆಯ ಕಡೆ ನೋಡಿದೆ. ಕೆಸರು ತಳಕ್ಕಿಳಿದು ನೀರು ತಿಳಿಯಾಗಿತ್ತು. ಬೆರಳು ಅದ್ದಿ ದಾರ ಎತ್ತಿದೆ. ಹಳೆಯ ದಾರ, ಅರಿಶಿನ ಮಾಸಿ ಕಂದಾಗಿತ್ತು. ಗಂಟು ಬಿಚ್ಚಿರಲಿಲ್ಲ. ಅವ್ವ ಚುರುಮುರಿ ಚೀಲದ ಬಾಯಿಗೆ ಹಾಕುತ್ತಿದ್ದ, ಎರಡು ಸುತ್ತು ಸುತ್ತಿ ಒಳಗಿಂದ ಎಳೆಯುವ ಗಂಟು. ಅವಳ ಹೊರತು ಅದನ್ನು ಹಾಗೆ ಹಾಕುವವರನ್ನು ನಾನು ಕಂಡಿಲ್ಲ.

ಅಂಥ ಗಂಟು ಒಂದಲ್ಲ, ಎರಡಿದ್ದವು, ಎರಡನೆಯ ಮಗಳಿಗೆ ಕೊಡುವಂತೆ.

ಅವ್ವನಿಗೆ ಇದ್ದ ಮಗಳು ನಾನೊಬ್ಬಳೇ. ನನಗೆ ತಿಳಿದಂತೆ.

ಮನೆ ತಿಳಿಯಲಿಲ್ಲ ಎಂದು ಹೇಳಿಬಿಡಬಹುದಿತ್ತು. ಯಾರಿಗೂ ಗೊತ್ತಾಗುತ್ತಿರಲಿಲ್ಲ, ಆ ಮನೆ ನೀರಿನಡಿ ಇದೆ, ಅಲ್ಲಿ ಹೋಗಿ ನೋಡಿ ಬರುವವರಿಲ್ಲ. ಮನೆಗೆ ಹೋಗಿ, ಈ ದಾರ ಯಾರದೆಂದು ಸಾವಕಾಶವಾಗಿ ಹುಡುಕಬಹುದಿತ್ತು. ಬಾಗಿಲಲ್ಲಿ ಸುವರ್ಣಾ ನನ್ನನ್ನು ನೋಡುತ್ತಿರಲಿಲ್ಲ. ಅವಳು ನೋಡುತ್ತಿದ್ದದ್ದು ಅಂಗಳದ ಸಾಲಿನಲ್ಲಿ ಒಣಗಲು ಹಾಕಿದ್ದ ಅತ್ತೆಯ ಸೀರೆಯನ್ನು. ಟೆಂಪೋ ಹತ್ತುವ ಮೊದಲು ಅದನ್ನು ಮಡಚಿ ಇಡಬೇಕು ಎಂದು ಲೆಕ್ಕ ಹಾಕುತ್ತಿದ್ದಳೇನೋ.

"ಮನಿ ನಮ್ಮವ್ವಂದು," ಎಂದೆ.

ಸೋಮನಿಂಗಪ್ಪ ಇನ್ನೊಮ್ಮೆ ಹೇಳಲು ಹೇಳಿದರು. ಇನ್ನೊಮ್ಮೆ ಹೇಳಿದೆ. ಊರಿನ ಹೆಸರು, ಅವ್ವನ ಹೆಸರು, ಭಟ್ಟಿ ಇದ್ದ ದಿಕ್ಕು. ಅವರು ಜೊತೆಗಿದ್ದ ಇಬ್ಬರ ಮುಖ ನೋಡಿ, ಸೊಸೆಯ ಮೇಲಿನ ಹೊಣೆ ಇಳಿಯಿತು ಎಂದರು. ಯುವರಾಜ ಓಡಿಹೋಗಿ ಟ್ರಂಕು ಇಳಿಸತೊಡಗಿದ. ಅದರ ಕಬ್ಬಿಣದ ಹಿಡಿಕೆ ಎರಡು ಸಲ ಬಡಿದ ಸದ್ದು ಕೇಳಿಸಿತು. ಸುವರ್ಣಾ ಚೌಕಟ್ಟನ್ನು ಹಿಡಿದಲ್ಲಿಯೇ ಕುಸಿದು ಕೂತಳು.

ಶ್ರೀಶೈಲ ಹೆಂಡತಿಯ ಕಡೆ ಒಂದು ಹೆಜ್ಜೆ ಇಟ್ಟವನು ಅಲ್ಲೇ ನಿಂತ. ನನ್ನ ಕಡೆ ತಿರುಗಿದ.

"ಅಕ್ಕಾರ, ಗುರುವಾರ ಮಧ್ಯಾಹ್ನ ನೀವ ಎಲ್ಲಿದ್ರಿ?"

ಇಂಡಿಯಲ್ಲಿ, ನನ್ನ ಕೋಣೆಯಲ್ಲಿ, ಜ್ವರದಿಂದ ಮಲಗಿದ್ದೆ. ಬಾಗಿಲು ಹಾಕಿತ್ತು. ನೋಡಿದವರು ಯಾರೂ ಇಲ್ಲ. ಹೇಳಿದೆ. ಹೇಳುವಾಗ ನನ್ನ ಮಾತು ನನಗೇ ಸುಳ್ಳಿನಂತೆ ಕೇಳಿಸಿತು. ದಾರದ ಎರಡು ಗಂಟು ತೋರಿಸಿದೆ. ತಾಂಬಾದವರಿಗೆ ಹೊಳೆದಂಡೆಯ ಗಂಟಿನ ಲೆಕ್ಕ ಏನು ತಿಳಿಯಬೇಕು? ದಾರವೂ ನಿಮ್ಮವ್ವನದೇ ಎಂದಾಯಿತಲ್ಲ ಎಂದರು ಸೋಮನಿಂಗಪ್ಪ, ತಣ್ಣಗೆ.

ಆಗ ಹೊರಸಿನ ಮೇಲಿಂದ ಕಸ್ತೂರೆವ್ವ ಕೈ ಚಾಚಿದಳು. ನಾನು ಹತ್ತಿರ ಹೋದೆ.

"ಅಕಿಗೆ ಏನೂ ಅನಬ್ಯಾಡ್ರಿ," ಎಂದಳು ಮಗನಿಗೆ. "ಗುರುವಾರ ಬಿಸಲಾಗ ಬಂದಿದ್ಲು. ನೀರ ಕೇಳಿದ್ಲು, ಕೊಟ್ಟೆ. ಈ ಕಟ್ಟಿ ಮ್ಯಾಲ ಕುಂತು ಭಾಳ ಅತ್ತಳು. ಎರಡ ದಿನಕ್ಕ ಒಯ್ತೇನಿ ಯವ್ವಾ, ಅಲ್ಲೀತನಾ ನಮ್ಮವ್ವನ್ನ ನಿನ್ನ ಹಂತ್ಯಾಕ ಬಿಟ್ಟ ಹೋಗ್ತೇನಿ ಅಂದ್ಲು. ಏನ ಒಯ್ತಾಳಂತ ತಿಳೀಲಿಲ್ಲ, ನಾನ ಹೂಂ ಅಂದೆ. ಮರದಿನ ಬಂದ್ಲು, ಬರಿಗೈಲೆ."

ಆಮೇಲೆ ನನ್ನ ಮುಖವನ್ನು ಎರಡೂ ಅಂಗೈಯಲ್ಲಿ ಹಿಡಿದಳು. ಜೋಳದ ಹಿಟ್ಟಿನಂತೆ ಒಣಗಿದ ಬೆರಳುಗಳು. ಹಣೆ, ಹುಬ್ಬು, ಕೆನ್ನೆ ಎಲ್ಲವನ್ನೂ ಗುರುತಿನವರಂತೆ ದಾಟಿ, ಒಂದು ಬೆರಳು ನನ್ನ ಮೂಗಿನ ಎಡಹೊಳ್ಳೆಯ ಮೇಲೆ ಬಂದು ನಿಂತಿತು. ಅಲ್ಲೇ ಎರಡು ಸಲ ಒತ್ತಿ ನೋಡಿತು.

"ಎಲ್ಲಾ ಅದ ಐತಿ," ಎಂದಳು. "ಅವತ್ತ ಇಲ್ಲಿ ಮೂಗಬಟ್ಟ ಇತ್ತಲ್ಲ ತಂಗಿ. ತೂತ ಎಲ್ಲಿ ಹೋತು?"